ಬಾಗಿಲು ಹೊರಳಿದ ಕಟ್ಟಡ

ವೆಂಕೋಬರಾವ್ ಮಾಸ್ತರರು ತೀರಿಕೊಂಡ ಮೇಲೆ ನಾವು ನಾಲ್ಕು ಗೋಡೆಗಳನ್ನೂ ಖಾಲಿ ಇಟ್ಟುಕೊಂಡು ಕಾಯತೊಡಗಿದೆವು. ಮಂಚಗಳನ್ನು ನಡುವೆ ತಂದು ಒಂದಕ್ಕೊಂದು ಅಂಟಿಸಿ ಹಾಕಿದೆವು. ಹೊಲಿಗೆ ಯಂತ್ರಗಳು, ಅಕ್ಕಿಯ ಚೀಲಗಳು, ನನ್ನ ಮೇಜು ಎಲ್ಲವೂ ನಡುವಿಗೆ ಬಂದವು. ಪರವೂರಿನವರು ಯಾರಾದರೂ ನೋಡಿದ್ದರೆ ಮನೆಗೆ ಸುಣ್ಣ ಬಳಿಯುವವರಿದ್ದಾರೆ ಅಂದುಕೊಳ್ಳುತ್ತಿದ್ದರು. ನಮ್ಮೂರಿನವರಿಗೆ ಏನೂ ಹೇಳಬೇಕಾಗಿರಲಿಲ್ಲ. ಮಾಲೀಕರು ಸತ್ತಿದ್ದಾರೆ, ಮಕ್ಕಳು ಮಾರುತ್ತಾರೆ, ಬಾಗಿಲು ಹೊರಳುತ್ತದೆ. ಯಾವ ಗೋಡೆಗೆ ಎಂಬುದೊಂದು ಗೊತ್ತಿಲ್ಲ, ಅಷ್ಟೆ.

ಇಲ್ಲಿ ಬಾಡಿಗೆಗೆ ಕೊಟ್ಟ ಅಥವಾ ಬೇರೆಯವರಿಗೆ ಬಿಟ್ಟ ಕಟ್ಟಡದ ಬಾಗಿಲು ಮಾಲೀಕರು ಮಲಗುವ ಮನೆಯ ಕಡೆಗೆ ಇರುತ್ತದೆ. ಮಾಲೀಕರೇ ಒಳಗೆ ವಾಸವಿದ್ದರೆ ಬೀದಿಗೆ ಇರುತ್ತದೆ. ಮನೆ ಹುಡುಕುವವರು ಇಲ್ಲಿ ಕೋಣೆ ಎಷ್ಟು, ನೀರು ಹೇಗೆ ಎಂದು ಕೇಳುವ ಮೊದಲು ಮಾಲೀಕರು ಎಲ್ಲಿರುತ್ತಾರೆ ಎಂದು ಕೇಳುತ್ತಾರೆ. ಅಂಚೆಯವನು ಒಂದು ಸುತ್ತು ಹಾಕಿ ಬಂದೇ ಕಾಗದ ಕೊಡುತ್ತಾನೆ. ಇಂಥ ಕಟ್ಟಡಗಳಿಗೆ ಕಿಟಕಿ ಇಡುವುದಿಲ್ಲ, ಮೇಲೆ ಕೈಗೆ ಸಿಗದಷ್ಟು ಎತ್ತರದಲ್ಲಿ ಬೆಳಕಿಂಡಿ ಮಾತ್ರ. ಎರಡನೆಯ ಬಾಗಿಲು ಇಟ್ಟುಕೊಳ್ಳಲು ಹೋದವರು ಹಿಂದೆ ಕೆಲವರಿದ್ದರು. ಇತ್ತ ಒಡೆದಷ್ಟು ಅತ್ತ ಕೂಡಿಕೊಳ್ಳುತ್ತದೆ, ಕೂಲಿ ದಂಡ. ಈಗ ಯಾರೂ ಪ್ರಯತ್ನಿಸುವುದಿಲ್ಲ.

ಬಾಗಿಲು ಕೆಲವೊಮ್ಮೆ ಮಾಲೀಕರ ಅಂಗಳಕ್ಕೇ ತೆರೆದುಕೊಳ್ಳುವುದುಂಟು. ಅದಕ್ಕೆ ಊರು ಒಂದು ಪದ್ಧತಿ ಮಾಡಿಕೊಂಡಿದೆ. ಬಾಡಿಗೆ ಕೈಗೆ ಬಂದ ದಿನ ಮಾಲೀಕರು ಆ ಬಾಗಿಲಿನಿಂದ ಬೀದಿಯವರೆಗೆ ತಮ್ಮ ಅಂಗಳದಲ್ಲಿ ಎರಡು ಸಾಲು ಸುಣ್ಣದ ಪುಡಿ ಹಾಕಬೇಕು. ಆ ಸುಣ್ಣದ ನಡುವೆ ನಡೆಯುವವರನ್ನು ಯಾರೂ ತಡೆಯುವಂತಿಲ್ಲ, ಮುಟ್ಟುವಂತಿಲ್ಲ, ಬೈಯುವಂತೆಯೂ ಇಲ್ಲ. ಆಡುವ ಮಕ್ಕಳು ಕೂಡ ಬಾಡಿಗೆಯವರು ಬಂದರೆ ಸುಣ್ಣದಿಂದ ಆಚೆ ಜಿಗಿಯುತ್ತಾರೆ. ಕಳ್ಳರೂ ಕುಡುಕರೂ ಇದೊಂದನ್ನು ಪಾಲಿಸುತ್ತಾರೆ. ಬಾಡಿಗೆ ನಿಂತರೆ ಮಾತ್ರ ಸುಣ್ಣವಿಲ್ಲ. ಆಗ ಅದು ಅವರ ಅಂಗಳ, ನಾವು ಅವರ ಅಂಗಳಕ್ಕೆ ಬಂದವರು.

ನಾನು ಮೇಲ್ವಿಚಾರಕಿಯಾಗಿದ್ದ ಮಹಿಳೆಯರ ಆಶ್ರಯ ಕೇಂದ್ರ ಮಾಸ್ತರರ ಕಟ್ಟಡದಲ್ಲಿತ್ತು. ಇಲಾಖೆ ಅದನ್ನು ಬಾಡಿಗೆಗೆ ಹಿಡಿದು ಬಹಳ ವರ್ಷಗಳಾಗಿದ್ದವು. ಮಾಸ್ತರರ ಮನೆ ಬೀದಿಯ ಆಚೆ, ಎದುರಿಗೇ ಇದ್ದುದರಿಂದ ನಮ್ಮ ಬಾಗಿಲು ಮೂಡಣಕ್ಕೆ, ಬೀದಿಗೇ ಇತ್ತು. ಅವರು ಬೆಳಿಗ್ಗೆ ಕಟ್ಟೆಯ ಮೇಲೆ ಕೂತು ಪೇಪರು ಓದುತ್ತಿದ್ದರು. ಯಾರಾದರೂ ಗಂಡಸರು ನಮ್ಮ ಬಾಗಿಲ ಮುಂದೆ ಸುಮ್ಮನೆ ಸುಳಿದಾಡಿದರೆ ಪೇಪರು ಕೆಳಗಿಳಿಸಿ ಕನ್ನಡಕದ ಮೇಲಿಂದ ನೋಡುತ್ತಿದ್ದರು. ಸರಕಾರ ಕೊಟ್ಟ ಯಾವ ಕಾವಲುಗಾರನೂ ಮಾಡದ ಕೆಲಸ ಅದು. ನಮ್ಮಲ್ಲಿಗೆ ಬರುವ ಹೆಂಗಸರನ್ನು ಓಡಿಬಂದವರು ಎಂದು ಕಚೇರಿಯ ಕಾಗದಗಳಲ್ಲಿ ಬರೆಯುವ ರೂಢಿ. ನಾನು ಬಂದವರು ಎಂದಷ್ಟೇ ಬರೆಯುತ್ತಿದ್ದೆ. ಓಡಿ ಬಂದವರು ಕಡಿಮೆ. ಬಹಳ ದಿನ ಯೋಚಿಸಿ, ನಿಧಾನವಾಗಿ ನಡೆದು ಬಂದವರೇ ಹೆಚ್ಚು.

ಸುಗಲಾ ಹಾಗೆ ಬಂದವಳು. ಬೆಲ್ಲದ ದಲಾಲಿ ಗುರುಬಾಳಪ್ಪನ ಸೊಸೆ. ಗುರುಬಾಳಪ್ಪನ ಮನೆ ನಮ್ಮ ಹಿಂದೆಯೇ, ನಮ್ಮ ಪಡುವಣ ಗೋಡೆಯೇ ಅವರ ಹಿತ್ತಲಿನ ಗಡಿ. ಗಂಡ ಸಂಗಣ್ಣ ಹೊಡೆದ ಒಂದು ಏಟಿಗೆ ಅವಳ ಎಡಗಿವಿ ಹೋಗಿತ್ತು. ಉಳಿದ ಕಿವಿಗೆ ನಮ್ಮ ಬೆಳಕಿಂಡಿಯಿಂದ ಹೆಂಗಸರ ಜಗಳ, ನಗು, ಹೊಲಿಗೆ ಯಂತ್ರದ ಸದ್ದು ಕೇಳುತ್ತಿತ್ತಂತೆ. ಗೋಡೆಯ ಆಚೆಗಿದ್ದ ನಮ್ಮ ಬಳಿ ಬರಲು ಅವಳು ಎರಡು ಓಣಿ ಸುತ್ತಿ ಬರಬೇಕಾಯಿತು. ಮೊದಲ ದಿನ ಯಾಕೆ ಬಂದೆಯಮ್ಮ ಎಂದು ಕೇಳಿದರೆ, “ಇಷ್ಟ ಜೋರ ನಗೋ ಹೆಂಗಸರು ಹೆಂಗಿರ್ತಾರ ನೋಡೂಣು ಅಂತ ಬಂದೆ ಬಾಯಾರ” ಅಂದಳು. ಆಮೇಲೆ ಅತ್ತಳು. ಅವಳ ಪರವಾಗಿ ಉಚಿತ ಕಾನೂನು ನೆರವಿನ ವಕೀಲೆಯೊಬ್ಬರು ಅರ್ಜಿ ಹಾಕಿದ್ದರು. ಸುಗಲಾ ನ್ಯಾಯಾಧೀಶರ ಮುಂದೆ ನಿಂತು ತನ್ನ ಬಾಯಿಂದಲೇ ಹೇಳಬೇಕು. ಹೇಳಿದರೆ ರಕ್ಷಣೆಯ ಆದೇಶ ಸಿಗುತ್ತದೆ, ಬೇರೆ ಊರಿನಲ್ಲಿ ಅವಳಿಗೆ ನೋಡಿಟ್ಟಿದ್ದ ಕೆಲಸಕ್ಕೆ ಹೋಗಬಹುದು. ಹೇಳದಿದ್ದರೆ ಏನೂ ಇಲ್ಲ.

ಒಂದು ಮುಂಜಾನೆ ಅಡುಗೆಯ ಹುಸೇನಬಿ ಹಾಲಿನ ಪಾತ್ರೆ ಹಿಡಿದುಕೊಂಡು ಮೂಡಣ ಗೋಡೆಯ ಮುಂದೆ ನಿಂತು ಕೂಗಿದಳು. “ಬಾಯಾರ, ಬಾಗಲಾ ಹೋತು!” ನಾವೆಲ್ಲ ಎದ್ದು ನೋಡಿದರೆ ಅಲ್ಲಿ ಗೋಡೆ ಮಾತ್ರ ಇತ್ತು, ಎಂದೂ ಬಾಗಿಲೇ ಇರಲಿಲ್ಲವೇನೋ ಎನ್ನುವಷ್ಟು ನುಣ್ಣಗೆ. ತೆಂಕಣದಲ್ಲಿ ಇಲ್ಲ, ಬಡಗಣದಲ್ಲಿ ಇಲ್ಲ. ಪಡುವಣ ಗೋಡೆಯ ನಡುವೆ ನಮ್ಮದೇ ಬಾಗಿಲು, ನಮ್ಮದೇ ಚಿಲಕ, ಹುಸೇನಬಿ ಕಟ್ಟಿದ್ದ ಮಾವಿನೆಲೆಯ ತೋರಣ ಸಮೇತ. ತೆರೆಯಬೇಡಿ ಎಂದು ನಾನು ಹೇಳುವಷ್ಟರಲ್ಲಿ ಹುಸೇನಬಿ ತೆರೆದಿದ್ದಳು. ಆಚೆ ಗುರುಬಾಳಪ್ಪ ತನ್ನ ಹಿತ್ತಲಿನಲ್ಲಿ ಹೊರಸಿನ ಮೇಲೆ ಕೂತು ಬೇವಿನ ಕಡ್ಡಿ ಜಗಿಯುತ್ತಿದ್ದ. ನಮಗಾಗಿ ಕಾದು ಕೂತವನಂತೆ ಉಗುಳಿ, ಬಾಯಿ ಒರೆಸಿಕೊಂಡು, “ಬರ್ರಿ ಮೇಡಂ, ಚಾ ಕುಡೀರಿ. ಇನ್ನ ಮ್ಯಾಲೆ ನಾವೂ ನೀವೂ ಒಂದ ಮನಿಯವರು” ಅಂದ.

ಮಾಸ್ತರರ ಹಿರಿಯ ಮಗ ಕಟ್ಟಡವನ್ನು ಗುರುಬಾಳಪ್ಪನಿಗೆ ಮಾರಿದ್ದ. ಸುಗಲಾ ನನ್ನ ಹಿಂದೆ, ಮಂಚಗಳ ನಡುವೆ ಕುಕ್ಕರಿಸಿ ಕೂತಿದ್ದಳು. ಅವಳು ಬಾಗಿಲಿನ ಕಡೆ ನೋಡಲಿಲ್ಲ, ಕೇಳುವ ಕಿವಿಯನ್ನು ಆ ಕಡೆ ಇಟ್ಟಿದ್ದಳು. ನಾನು ಸುಣ್ಣದ ಮಾತೆತ್ತಿದೆ. ಗುರುಬಾಳಪ್ಪ ಕೈ ಅಗಲಿಸಿದ. “ಬಾಡಿಗಿ ತರ್ರಿ, ಹಾಕ್ತೀನಿ. ಪದ್ಧತಿ ನಾ ಮುರಿಯಂಗಿಲ್ಲ. ಅಲ್ಲಿತನಕಾ ನಿಮ್ಮ ಹೆಂಗಸರು ಹೋಗ್ಲಿ, ಬರ್ಲಿ, ನಾ ಯಾರಿಗೂ ಬ್ಯಾಡ ಅನ್ನಂಗಿಲ್ಲ. ಮನಿ ಸೊಸಿ ಹೊರಗ ಬಂದ್ರ ಮನಿ ಸೊಸೀನ್ನ ಮಾತಾಡಸಿದಂಗ ಮಾತಾಡಸ್ತೀವಿ. ಅದು ನಮ್ಮ ಅಂಗಳ ನೋಡ್ರಿ.” ಹಿತ್ತಲಿನ ಆ ತುದಿಯಲ್ಲಿ ಸಂಗಣ್ಣ ಬೆಲ್ಲದ ಪೆಂಟೆಗಳ ಮೇಲೆ ಕಾಲು ಇಳಿಬಿಟ್ಟು ಕೂತಿದ್ದ. ಮನೆಯ ಬಾಗಿಲ ಬಳಿ ಗುರುಬಾಳಪ್ಪನ ಹೆಂಡತಿ ಬಂಗಾರೆವ್ವ ಒಣಮೆಣಸಿನಕಾಯಿಯ ತೊಟ್ಟು ಮುರಿಯುತ್ತಿದ್ದವಳು ತಲೆ ಎತ್ತಿ ನೋಡಿ ಮತ್ತೆ ತಗ್ಗಿಸಿದಳು.

ಮರುದಿನ ನಾನು ಜಿಲ್ಲಾ ಕಚೇರಿಗೆ ಹೋದೆ. ನಮ್ಮ ಮೇಲಧಿಕಾರಿ ನದಾಫ್ ಸಾಹೇಬರು ಕೆಟ್ಟವರಲ್ಲ. ಕೂರಿಸಿ, ನೀರು ತರಿಸಿ, ಎಲ್ಲ ಕೇಳಿಸಿಕೊಂಡರು. ಆಮೇಲೆ ಹಳೆಯ ಕರಾರು ತರಿಸಿ ಓದಿದರು. “ಇಲ್ಲಿ ಏನ್ ಬರದದ ನೋಡ್ರಿ. ಪೂರ್ವಕ್ಕೆ ಬಾಗಿಲುಳ್ಳ ಕಟ್ಟಡ. ಈಗ ಪೂರ್ವಕ್ಕ ಬಾಗಿಲ ಅದ ಏನು?” ಇಲ್ಲ ಸರ್, ಅಂದೆ. “ಅಂದ್ರ ನಾವು ಬಾಡಿಗಿಗೆ ಹಿಡದ ಕಟ್ಟಡ ಈಗ ಇಲ್ಲ. ಇಲ್ಲದ ಕಟ್ಟಡಕ್ಕ ಬಾಡಿಗಿ ಹೆಂಗ ಕೊಡೂದು? ಆಡಿಟ್‌ನವರು ನನ್ನ ಪಗಾರದಾಗ ಹಿಡೀತಾರ.” ಹಾಗಾದರೆ ಅದರೊಳಗಿರುವ ಹೆಂಗಸರು ಎಲ್ಲಿದ್ದಾರೆ ಸರ್, ಎಂದು ಕೇಳಿದೆ. ಅವರು ಪೆನ್ನು ಮೇಜಿನ ಮೇಲೆ ಇಟ್ಟು, “ಅದೂ ಒಂದು ಪ್ರಶ್ನೇನ” ಅಂದರು. ವ್ಯಂಗ್ಯವಾಡುತ್ತಿದ್ದಾರೆಯೇ ಎಂದು ಮುಖ ನೋಡಿದೆ. ಇಲ್ಲ, ನಿಜವಾಗಿ ಯೋಚಿಸುತ್ತಿದ್ದರು.

ಇನ್ನೊಂದು ತೊಡಕೂ ಇತ್ತು. ಮಾಸ್ತರರ ಮಗಳು ಮಾರಾಟಕ್ಕೆ ತನ್ನ ಒಪ್ಪಿಗೆ ಇಲ್ಲವೆಂದು ಇಲಾಖೆಗೆ ತಕರಾರು ಕಳಿಸಿದ್ದಳು. ಮಾಲೀಕರು ಯಾರು ಎಂಬುದು ತೀರ್ಮಾನವಾಗುವವರೆಗೆ ಯಾರಿಗೂ ಬಾಡಿಗೆ ಇಲ್ಲ. ನನಗೆ ಸಿಟ್ಟು ಬಂತು. “ಸರ್, ಬಾಗಿಲೇ ಹೊರಳಿ ಅವರ ಅಂಗಳಕ್ಕೆ ಹೋಗಿದೆ. ಮಾಲೀಕರು ಯಾರು ಅನ್ನೋದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಏನು ಬೇಕು?” ನದಾಫರು ನನ್ನನ್ನು ಮಗುವನ್ನು ನೋಡುವಂತೆ ನೋಡಿದರು. “ಬಾಗಿಲ ಸರಕಾರಿ ನೌಕರ ಅಲ್ಲರೀ. ಅದು ಕೊಟ್ಟ ಸರ್ಟಿಫಿಕೇಟ್ ನಾ ಹೆಂಗ ತಗೊಳ್ಳಲಿ?”

ಪೊಲೀಸರ ಬಳಿಗೂ ಹೋಗಿದ್ದೆ. ಇಬ್ಬರು ಬಂದರು. ಸುಣ್ಣವಿಲ್ಲದ ಅಂಗಳದಲ್ಲಿ ಮಾಲೀಕರ ಒಪ್ಪಿಗೆಯಿಲ್ಲದೆ ನಿಲ್ಲಲಾಗದು ಎಂದರು. ಆಮೇಲೆ ಒಪ್ಪಿಗೆ ಪಡೆದು ಹೊರಸಿನ ಮೇಲೆ ಕೂತು ಚಹಾ ಕುಡಿದರು. ಹೋಗುವಾಗ ಒಬ್ಬ ಬಾಗಿಲ ಬಳಿ ಬಂದು ದನಿ ತಗ್ಗಿಸಿ, “ಆಕೀನ್ನ ಒಳಗ ಇರಿಸ್ರಿ ಮೇಡಂ. ಒಳಗ ಇರೂತನಕಾ ಏನೂ ಆಗಂಗಿಲ್ಲ” ಅಂದ. ಅವನ ಮಟ್ಟಿಗೆ ಅದು ಸಹಾಯ. ನಾನೇ ನನ್ನ ಕೈಯಿಂದ ಬಾಡಿಗೆ ಕೊಡಲು ಹೋದೆ. ಗುರುಬಾಳಪ್ಪ ನೋಟುಗಳನ್ನು ಮುಟ್ಟಲೂ ಇಲ್ಲ. “ಕಟ್ಟಡ ಹಿಡದಾರು ಸರಕಾರ, ನೀವಲ್ಲ. ನೀವು ಕೊಟ್ರ ಅದು ಉಡುಗೊರಿ ಆಗತೈತಿ. ಉಡುಗೊರಿಗೆ ಯಾರರ ಸುಣ್ಣ ಹಾಕ್ತಾರೇನು?” ಅವನಿಗೆ ಬಾಡಿಗೆ ಬೇಕಾಗಿಯೇ ಇರಲಿಲ್ಲ. ಬಾಡಿಗೆ ನಿಂತಿದೆ, ಖಾಲಿ ಮಾಡಿ ಎಂದು ಇಲಾಖೆಗೆ ನೋಟೀಸು ಕಳಿಸಿ ಆಗಿತ್ತು. ಖಾಲಿ ಮಾಡಿದರೆ ನಾವು ಈ ಬಾಗಿಲಿನಿಂದ, ಈ ಅಂಗಳದಿಂದಲೇ ಹೋಗಬೇಕು, ಸುಗಲಾಳನ್ನು ಕರೆದುಕೊಂಡು.

ಹೀಗೆ ನಾವು ಹೊಂದಿಕೊಂಡೆವು. ಉಳಿದ ಹೆಂಗಸರು ಸೆರಗು ಬಿಗಿದುಕೊಂಡು, ತಲೆ ತಗ್ಗಿಸಿ, ಅಂಗಳದ ಅಂಚಿನಲ್ಲಿ ಹೋಗಿ ಬರುತ್ತಿದ್ದರು. ಗುರುಬಾಳಪ್ಪ ಪ್ರತಿಯೊಬ್ಬರನ್ನೂ ಮಾತಾಡಿಸುತ್ತಿದ್ದ. “ಏನವಾ, ನಿನ್ನ ಗಂಡ ಬಂದಿದ್ದನಲ್ಲ ಸಂತಿಗೆ, ಭೆಟ್ಟಿ ಆದನಿಲ್ಲೋ?” ಎಂದು ಒಬ್ಬಳಿಗೆ. ಅವಳು ಮತ್ತೆ ಹೊರಗೆ ಹೋಗಲಿಲ್ಲ. ಹುಸೇನಬಿಗೆ ಮಾತ್ರ ಅವನ ಅಂಜಿಕೆ ಇರಲಿಲ್ಲ. “ಸಾವ್ಕಾರ್ರ, ಹೆಂಗಸರ ಬಾಗಲಾ ಕಾಯಾಕ ಪಗಾರ ಎಷ್ಟು ಕೊಡ್ತಾರ?” ಎಂದು ಅವನ ಮುಖಕ್ಕೇ ಕೇಳಿ ಕೊಡಪಾನ ಬೀಸಿಕೊಂಡು ಹೋಗುತ್ತಿದ್ದಳು. ಸುಗಲಾ ಒಳಗೇ ಉಳಿದಳು. ಅವಳ ಮೈ ಬಿಳಿಚಿಕೊಂಡಿತು. ಬೆಳಕಿಂಡಿಯಿಂದ ನೆಲದ ಮೇಲೆ ಬೀಳುವ ಬಿಸಿಲು ಸರಿದ ಹಾಗೆ ತಾನೂ ಚಾಪೆ ಸರಿಸಿಕೊಂಡು ಕೂರುತ್ತಿದ್ದಳು. ನ್ಯಾಯಾಲಯದ ಒಂದು ತಾರೀಖು ಹೋಯಿತು. ವಕೀಲೆ ಬಂದು, ಇನ್ನೊಂದು ತಾರೀಖು ಕೊಟ್ಟಿದ್ದಾರೆ, ಅದೂ ತಪ್ಪಿದರೆ ಅರ್ಜಿ ಮುಚ್ಚಿಬಿಡುತ್ತಾರೆ ಎಂದರು. ಸುಗಲಾ ಕೇಳಿಸಿಕೊಂಡು, “ಹೋಗೇಬಿಡ್ತೀನಿ ಬಾಯಾರ. ಇಲ್ಲಿಂದ ಬೀದಿಗೆ ಎಷ್ಟ ದೂರ ಐತಿ? ಹಿಡದ್ರ ಹಿಡೀಲಿ” ಅಂದಳು. ಆ ಹಿತ್ತಲಿನಿಂದ ಮನೆಯೊಳಕ್ಕೆ ಎಷ್ಟು ದೂರ ಎಂಬುದು ಅವಳಿಗೆ ನನಗಿಂತ ಚೆನ್ನಾಗಿ ಗೊತ್ತಿತ್ತು. ನಾನು ಬೇಡವೆಂದೆ.

ಗುರುಬಾಳಪ್ಪ ಒಂದು ತಪ್ಪು ಮಾಡಿದ್ದ. ಈ ಊರಿನ ದಲಾಲಿಗಳೆಲ್ಲ ಮಾಡುವ ಹಾಗೆ ಅವನೂ ಆಸ್ತಿಯನ್ನು ಹೆಂಡತಿಯ ಹೆಸರಿನಲ್ಲಿ ಕೊಳ್ಳುತ್ತಿದ್ದ. ತೆರಿಗೆಯವರು ತನ್ನ ಹೆಸರು ನೋಡಬಾರದು, ಅಷ್ಟೆ. ನಮಗೆ ಬಂದ ನೋಟೀಸಿನಲ್ಲಿಯೂ ಮಾಲೀಕರೆಂದು ಬಂಗಾರೆವ್ವನ ಹೆಸರೇ ಇತ್ತು. ನಾನೂ ನೋಡಿದ್ದೆ, ನದಾಫರೂ ನೋಡಿದ್ದರು. ಆ ಹೆಸರನ್ನು ಯಾರೂ ಹೆಸರೆಂದು ಓದಿರಲಿಲ್ಲ. ಬಂಗಾರೆವ್ವ ಮಲಗುವ ಮನೆ ಎಂದರೆ ತನ್ನ ಮನೆ ಎಂದು ಗುರುಬಾಳಪ್ಪ ತಿಳಿದಿದ್ದ. ಅವಳು ಬೇರೆಲ್ಲಾದರೂ ಮಲಗಬಹುದು ಎಂಬುದು ಅವನ ಯೋಚನೆಗೆ ಬಂದಿರಲಿಲ್ಲ. ಅವಳ ಯೋಚನೆಗೂ ಬಂದಿರಲಿಲ್ಲವೆಂದು ಆಮೇಲೆ ತಿಳಿಯಿತು.

ಒಂದು ಮಧ್ಯಾಹ್ನ, ಗಂಡಸರು ಸಂತೆಗೆ ಹೋಗಿದ್ದಾಗ, ಹುಸೇನಬಿ ನಮ್ಮ ಹೊಸ್ತಿಲ ಮೇಲೆ ಕೂತು ಅಕ್ಕಿ ಆರಿಸುತ್ತಿದ್ದಳು. ಬಂಗಾರೆವ್ವ ಅಂಗಳದಲ್ಲಿ ಮೆಣಸಿನಕಾಯಿ ಹರಡುತ್ತಿದ್ದಳು. ನಾನು ಒಳಗೆ ಮೇಜಿನ ಬಳಿ ಇದ್ದೆ. ಹುಸೇನಬಿ ಕೆಣಕಿದಳು. “ಏನವಾ ಮಾಲಕಿ, ನಮಗ ಚೂರು ಸುಣ್ಣ ಹಾಕಬಾರದೇನು? ಪುಡಿಗೆ ಏನ್ ಬಾಳ ರೊಕ್ಕ ಬೀಳತೈತಿ?” ಬಂಗಾರೆವ್ವ ತನ್ನನ್ನಲ್ಲ ಎಂಬಂತೆ ಹಿಂದೆ ತಿರುಗಿ ನೋಡಿದಳು. “ಯಾರು ಮಾಲಕಿ?” “ನೀನ ಮತ್ತ. ನೋಟೀಸಿನ್ಯಾಗ ನಿನ್ನ ಹೆಸರ ಐತಿ, ನಿನ್ನ ಹೆಬ್ಬಟ್ಟ ಐತಿ.” ಬಂಗಾರೆವ್ವ ಎದ್ದು ನಿಂತು ತನ್ನ ಹೆಬ್ಬೆರಳನ್ನು ನೋಡಿಕೊಂಡಳು. “ಅದು ಬ್ಯಾಂಕಿನ ಕಾಗದಾ ಅಂದಿದ್ರು” ಅಂದಳು. ಮೆಣಸಿನಕಾಯಿ ಅಲ್ಲೇ ಬಿಟ್ಟು ನಮ್ಮ ಬಾಗಿಲ ಬಳಿ ಬಂದಳು. ಚೌಕಟ್ಟನ್ನು ಮುಟ್ಟಿ ನೋಡಿದಳು. ಸಂತೆಯಲ್ಲಿ ಎಮ್ಮೆಯನ್ನು ನೋಡುವಂತೆ, ಅವಸರವಿಲ್ಲದೆ, ಮೇಲೆ ಕೆಳಗೆ ನೋಡಿದಳು. “ಹಂಗಾರ ಇದು ಅವರ ಸಲುವಾಗಿ ಹೊಳ್ಳಿಲ್ಲ” ಅಂದಳು. “ನನ್ನ ಸಲುವಾಗಿ ಹೊಳ್ಳೇತಿ.”

ಸುಗಲಾ ಮಂಚಗಳ ನಡುವಿನಿಂದ ನೋಡುತ್ತಿದ್ದಳು. ಬಂಗಾರೆವ್ವ ನನ್ನನ್ನು ಕೇಳಿದಳು. “ಬಾಯಾರ, ನೀವು ಕಲತಾವರು. ನಾ ಇಲ್ಲೇ ಒಳಗ ಮಲಗಿದ್ರ ಈ ಬಾಗಲಾ ಎಲ್ಲಿ ಹೋಗತೈತಿ?” ನಾನು ಸರಕಾರಿ ನೌಕರಳು. ಅವಳಿಗೆ ಬಾ ಎಂದು ಹೇಳುವಂತಿರಲಿಲ್ಲ. ಬೇಡ ಎಂದು ಹೇಳಲು ಮನಸ್ಸಿರಲಿಲ್ಲ. “ಬೀದಿಗೆ” ಎಂದಷ್ಟೇ ಹೇಳಿದೆ. ಅವಳು ತಲೆಯಾಡಿಸಿ ಹೋದಳು. ಮೆಣಸಿನಕಾಯಿಯನ್ನೆಲ್ಲ ಪೂರ್ತಿ ಹರಡಿ ಮುಗಿಸಿದಳು. ಇವಳು ಬರುವುದಿಲ್ಲ ಎಂದುಕೊಂಡೆ.

ತಾರೀಖಿನ ಹಿಂದಿನ ದಿನ ಸಂಜೆ ಬಂಗಾರೆವ್ವ ಕೌದಿಯನ್ನು ಕಂಕುಳಲ್ಲಿ ಹಿಡಿದು ಗಂಡನ ಕಣ್ಣೆದುರಿಗೇ ಅಂಗಳ ದಾಟಿ ಒಳಗೆ ಬಂದಳು. ಸೊಸೆಗೆ ಬುದ್ಧಿ ಹೇಳಲು ಹೋಗುತ್ತಿದ್ದಾಳೆ ಎಂದು ಅವನು ತಿಳಿದನೆಂದು ಕಾಣುತ್ತದೆ. “ಹಾಂ, ನೀನರ ಹೇಳು” ಎಂದು ಕೂಗಿದ್ದು ನನಗೆ ಕೇಳಿಸಿತು. ಅವಳು ಒಳಗಿನಿಂದ ಚಿಲಕ ಹಾಕಿ, ಮಂಚ ಬೇಡವೆಂದು ನೆಲದ ಮೇಲೆ ಕೌದಿ ಹಾಸಿದಳು. ಸುಗಲಾ ಹತ್ತಿರ ಹೋಗಿ, “ಅತ್ತಿ” ಎಂದು ಏನೋ ಹೇಳಲು ಬಾಯಿ ತೆರೆದಳು. “ನಿನ್ನ ಸಲುವಾಗಿ ಬಂದೀನಿ ಅಂತ ತಿಳೀಬ್ಯಾಡ” ಅಂದಳು ಬಂಗಾರೆವ್ವ. “ನಿನ್ನ ಅಡಗಿ ನನಗ ಎಂದೂ ಸೇರಿಲ್ಲ, ನಿನ್ನ ನಡಗೀನೂ ಸೇರಿಲ್ಲ. ನನ್ನ ಹೆಸರಿನ ಮನಿ ಒಂದ ಐತಿ ಅಂತ ಗೊತ್ತಾತು. ಮಲಗಿ ನೋಡೂಣು ಅಂತ ಬಂದೆ.” ಕತ್ತಲಾದ ಮೇಲೆ ಆಚೆಯಿಂದ ಬಾಗಿಲು ಬಡಿದರು. ಬೆಳಗಿನ ಜಾವ ಕೊನೆಗೊಮ್ಮೆ ಆ ಸದ್ದು ನಿಂತುಹೋಯಿತು. ಬಡಿಯುವವರು ದಣಿದದ್ದಲ್ಲ, ಬಡಿಯಲು ಅಲ್ಲಿ ಬಾಗಿಲು ಉಳಿದಿರಲಿಲ್ಲ.

ಬೆಳಿಗ್ಗೆ ಮೂಡಣದ ಬಾಗಿಲು ತೆರೆದಾಗ ವಕೀಲೆಯ ಆಟೋ ಬೀದಿಯಲ್ಲಿ ನಿಂತಿತ್ತು. ಎರಡು ಓಣಿ ಸುತ್ತಿ ಸಂಗಣ್ಣ ಓಡಿ ಬರುವಷ್ಟರಲ್ಲಿ ಆಟೋ ಹೊರಟಿತ್ತು. ಸುಗಲಾ ನ್ಯಾಯಾಧೀಶರ ಮುಂದೆ ನಿಂತು ಹೇಳಬೇಕಾದ್ದನ್ನು ಹೇಳಿದಳು. ಆದೇಶ ಸಿಕ್ಕಿತು. ಅವಳು ಮತ್ತೆ ಊರಿಗೆ ಬರದೆ ಅಲ್ಲಿಂದಲೇ ಕೆಲಸದ ಊರಿಗೆ ಹೋದಳು. ಯಾವ ಊರು ಎಂಬುದನ್ನು ಇಲ್ಲಿಯೂ ಬರೆಯುವುದಿಲ್ಲ. ವಕೀಲೆಗೆ ಗೊತ್ತು, ನನಗೆ ಗೊತ್ತು.

ಇದು ಇಷ್ಟಕ್ಕೇ ಮುಗಿದಿದ್ದರೆ ನಾನು ಬರೆಯುತ್ತಲೂ ಇರಲಿಲ್ಲವೇನೋ. ಬಂಗಾರೆವ್ವ ಮನೆಗೆ ಹೋಗಲಿಲ್ಲ. ಒಂದು ದಿನಕ್ಕೆಂದು ಬಂದವಳು ಕೌದಿ ಮಡಚಿಟ್ಟು ಹುಸೇನಬಿಯ ಜೊತೆ ರೊಟ್ಟಿ ಬಡಿಯಲು ಕೂತಳು. ಗುರುಬಾಳಪ್ಪ ಬೀದಿಯಲ್ಲಿ ನಿಂತು ಮೊದಲು ಬೈದ, ಆಮೇಲೆ ಕರೆದ, ಆಮೇಲೆ ನಮ್ಮ ಕೇಂದ್ರದವರು ಹೆಂಡತಿಯನ್ನು ಕೂಡಿಹಾಕಿದ್ದಾರೆಂದು ಇಲಾಖೆಗೆ ಬರೆದ. ನದಾಫ್ ಸಾಹೇಬರು ನನ್ನನ್ನು ಕರೆಸಿದರು. ಮಾಸ್ತರರ ಮಗಳ ತಕರಾರು ಅಷ್ಟರಲ್ಲಿ ತೀರಿತ್ತು, ಬಾಡಿಗೆ ಮಂಜೂರಾಗುವುದರಲ್ಲಿತ್ತು. “ಈಗ ಬಾಗಿಲ ಪೂರ್ವಕ್ಕ ಬಂತಲ್ಲ ಸರ್” ಎಂದೆ. “ಬಂತು, ಯಾಕ ಬಂತು?” ಎಂದು ಕೇಳಿದರು. “ಮಾಲೀಕರು ಒಳಗ ವಾಸ ಅದಾರ ಅಂತ ಬಂತು. ಮಾಲೀಕರು ವಾಸ ಇರೋ ಮನಿ ಬಾಡಿಗಿ ಕಟ್ಟಡ ಹೆಂಗ ಆಗತದ? ಬಾಗಿಲಾನ ಹೇಳ್ಲಿಕತ್ತದಲ್ಲ, ಇದು ಬಾಡಿಗಿ ಮನಿ ಅಲ್ಲ ಅಂತ.” ಹೋದ ಸಲ ಬಾಗಿಲಿನ ಸಾಕ್ಷಿ ನಡೆಯುವುದಿಲ್ಲ ಅಂದಿರಲ್ಲ ಸರ್, ಎಂದೆ. ಅವರು ಸ್ವಲ್ಪ ನಾಚಿಕೊಂಡರು. “ಕೊಡೋ ಮುಂದ ನಡಿಯಂಗಿಲ್ಲರೀ. ನಿಲ್ಲಸೋ ಮುಂದ ನಡೀತದ.”

ಬಂಗಾರೆವ್ವನನ್ನೇ ಕೇಂದ್ರಕ್ಕೆ ಸೇರಿಸಿಕೊಳ್ಳುತ್ತೇನೆ ಎಂದೆ. ನಿರಾಶ್ರಿತರನ್ನು ಮಾತ್ರ ಸೇರಿಸಿಕೊಳ್ಳಬಹುದು, ಅವಳ ಹೆಸರಿನಲ್ಲಿ ಇಡೀ ಕಟ್ಟಡವಿದೆ ಎಂದರು. ಆ ಕಟ್ಟಡವನ್ನು ಆಕೆ ಬಾಡಿಗೆಯಿಲ್ಲದೆ ಬಿಟ್ಟುಕೊಡುತ್ತಾಳೆ ಎಂದೆ. ಬಂಗಾರೆವ್ವ ನಿಜವಾಗಿಯೂ ಹಾಗೆ ಹೇಳಿದ್ದಳು. “ನನಗ್ಯಾಕ ಬಾಡಿಗಿ? ಈ ಹುಡಿಗ್ಯಾರು ಗದ್ದಲಾ ಹಾಕ್ಕೋಂತ ಇರ್ಲಿ, ನನಗ ನಿದ್ದಿ ಚಲೋ ಬರತೈತಿ.” ಬಿಟ್ಟಿ ಇರುವುದಕ್ಕೆ ಸರಕಾರದಲ್ಲಿ ನಿಯಮವಿರಲಿಲ್ಲ. ಅದನ್ನು ದಾನವೆಂದು ಸ್ವೀಕರಿಸಬೇಕು, ಅದಕ್ಕೆ ರಾಜಧಾನಿಯಿಂದ ಒಪ್ಪಿಗೆ ಬರಬೇಕು, ಬರುವವರೆಗೆ ಖಾಲಿ ಮಾಡಬೇಕು. ನನಗೆ ಉಳಿದ ದಾರಿ ಒಂದೇ. ಬಂಗಾರೆವ್ವನನ್ನು ಗಂಡನ ಮನೆಗೆ ಹೋಗಿ ಮಲಗು ಎಂದು ಕಳಿಸುವುದು, ಬಾಗಿಲು ಮತ್ತೆ ಆ ಹಿತ್ತಲಿಗೆ ಹೊರಳುವುದು, ಪಡುವಣ ಬಾಗಿಲಿಗೆ ಹೊಸ ಕರಾರು ಬರೆದು ಬಾಡಿಗೆ ಕೊಡುವುದು, ಅದನ್ನು ಪಡೆದು ಗುರುಬಾಳಪ್ಪ ಸುಣ್ಣ ಹಾಕುವುದು. ನದಾಫರು ಇದನ್ನೇ ಸೂಚಿಸಿದರು. ಹೆಂಗಸರನ್ನು ಗಂಡಸರಿಂದ ಕಾಪಾಡುವ ಕೇಂದ್ರ ಉಳಿಯಬೇಕಾದರೆ ಒಬ್ಬ ಹೆಂಗಸನ್ನು ಗಂಡಸಿನ ಬಳಿ ಕಳಿಸಬೇಕು. ಅವರು ಅದನ್ನು ಅಷ್ಟು ಸ್ಪಷ್ಟವಾಗಿ ಹೇಳಲಿಲ್ಲ. ನಾನು ಸ್ಪಷ್ಟವಾಗಿ ಬರೆದು, ಆಗುವುದಿಲ್ಲ ಎಂದು ಸಹಿ ಹಾಕಿ ಕೊಟ್ಟೆ.

ಕೇಂದ್ರವನ್ನು ಮುಚ್ಚಿದರು. ನಮ್ಮ ಹೆಂಗಸರನ್ನು ಜಿಲ್ಲೆಯ ದೊಡ್ಡ ಕೇಂದ್ರಕ್ಕೆ ಸೇರಿಸುವುದೆಂದಾಯಿತು. ಅಲ್ಲಿ ಒಂದು ಮಂಚಕ್ಕೆ ಇಬ್ಬರು. ವ್ಯಾನು ಬಂದ ದಿನ ಒಬ್ಬಳು ಹತ್ತಿದವಳು ಇಳಿದು, ಗಂಡನ ಮನೆಗೇ ಹೋಗುತ್ತೇನೆ, ಅಲ್ಲಿ ಮಂಚವಾದರೂ ಇದೆ ಎಂದು ನಡೆದುಬಿಟ್ಟಳು. ಕೂಗಿದೆ, ಹೊರಳಿ ನೋಡಲಿಲ್ಲ. ಹುಸೇನಬಿಯ ಕೆಲಸ ಹೋಯಿತು. ಅವಳು ಯಾರಿಗೂ ಕೇಳದ ಹಾಗೆ ಬೈಯುತ್ತ ಪಾತ್ರೆಗಳನ್ನು ಬೋರಲು ಹಾಕಿ ಹೋದಳು. ಹೊಲಿಗೆ ಯಂತ್ರಗಳು ಸರಕಾರದವು, ಲಾರಿಗೆ ಏರಿದವು. ಗುರುಬಾಳಪ್ಪ ಬೀದಿಯ ಆಚೆ, ಬೀಗ ಹಾಕಿದ ಮಾಸ್ತರರ ಮನೆಯ ಕಟ್ಟೆಯ ಮೇಲೆ ಕೂತು ಎಲ್ಲವನ್ನೂ ನೋಡುತ್ತಿದ್ದ. ದಿನವೂ ಅಲ್ಲಿ ಕೂರುತ್ತಿದ್ದ. “ಆಕಿ ಏನ್ ನೂರು ವರ್ಷ ಬಾಳ್ತಾಳೇನು ಮೇಡಂ? ಆಕಿ ಹೋದ್ರ ಕಟ್ಟಡ ಮಗನಿಗೆ ಬರತೈತಿ. ಬಾಗಲಾ ನಮ್ಮ ಹಿತ್ತಲಕ್ಕ ಬರೂದ ಐತಿ. ನಮಗೇನ್ ಅವಸರ ಇಲ್ಲ” ಎಂದು ನನಗೆ ಹೇಳಿದ್ದ.

ಆ ಮಾತು ನನ್ನ ತಲೆಯಲ್ಲಿತ್ತು. ಬೀಗದ ಕೈ ಕೊಟ್ಟು ಹೊರಡುವ ಮುನ್ನ ಖಾಲಿಯಾದ ಆ ದೊಡ್ಡ ಕೋಣೆಯಲ್ಲಿ ಬಂಗಾರೆವ್ವನ ಪಕ್ಕ ಕೂತು, ಕಟ್ಟಡವನ್ನು ಸುಗಲಾಳ ಹೆಸರಿಗೆ ಬರೆದುಕೊಡಿ ಎಂದು ಹೇಳಿದೆ. ಮಗನಿಗೆ ಹೋಗುವುದು ತಪ್ಪುತ್ತದೆ, ಅವಳಿಗೂ ಒಂದು ಆಸರೆಯಾಗುತ್ತದೆ, ಕಾಗದಪತ್ರ ನಾನು ಮಾಡಿಸುತ್ತೇನೆ ಎಂದೆ. ಬಂಗಾರೆವ್ವ ರೊಟ್ಟಿ ಮುರಿದು ಬಾಯಿಗಿಟ್ಟು, ಅಗಿದು, ನುಂಗಿ, ಆಮೇಲೆ ಮಾತಾಡಿದಳು. “ನಾನೂ ಅದನ್ನ ವಿಚಾರ ಮಾಡಿದೆ ಬಾಯಾರ. ಆಕಿ ಹೆಸರಿಗೆ ಬರದೆ ಅಂತ ಇಟ್ಕೋರಿ. ಆಕಿ ಇಲ್ಲಿ ಇರಂಗಿಲ್ಲ. ಆಕಿ ಎಲ್ಲಿ ಮಲಗ್ತಾಳೋ ಬಾಗಲಾ ಆ ಕಡೆ ಹೊಳ್ಳತೈತಿ. ಮುಂಜಾನೆದ್ದು ನನ್ನ ಮಗ ಬಂದು ಬಾಗಲಾ ಎಲ್ಲೈತಿ ಅಂತ ನೋಡ್ತಾನ. ಎತ್ತಾಗ ಹೋಗಬೇಕು ಅಂತ ಬಾಗಲಾನ ತೋರಸ್ತೈತಿ.” ಚೀಟಿಯ ಹಣ ನುಂಗಿ ಓಡಿಹೋಗಿದ್ದ ಒಬ್ಬನನ್ನು ಅವನು ಬಾಡಿಗೆಗೆ ಕೊಟ್ಟಿದ್ದ ಮನೆಯ ಬಾಗಿಲಿನ ದಿಕ್ಕು ಹಿಡಿದು ಹುಡುಕಿ ತಂದದ್ದು ಊರಿಗೆಲ್ಲ ಗೊತ್ತಿತ್ತು. ನನಗೂ ಗೊತ್ತಿತ್ತು, ಹೊಳೆದಿರಲಿಲ್ಲ. “ಆಕೀಗೆ ನಾ ಏನೂ ಕೊಡಬಾರದು” ಅಂದಳು ಬಂಗಾರೆವ್ವ. “ಅಷ್ಟ ನನ್ನ ಕೈಲೆ ಆಗೂದು.” ಉಳಿದ ರೊಟ್ಟಿಯನ್ನು ಅರಿವೆಯಲ್ಲಿ ಕಟ್ಟಿ ಬಸ್ಸಿಗೆಂದು ನನ್ನ ಚೀಲಕ್ಕೆ ಹಾಕಿದಳು.

ನಾನು ಚೀಲ ಹಿಡಿದು ಬೀದಿಗೆ ಬಂದೆ. ಗುರುಬಾಳಪ್ಪ ಕಟ್ಟೆಯಿಂದ ಎದ್ದು, ಹಿರಿಯರು ಕಿರಿಯರನ್ನು ಊರಿಗೆ ಕಳಿಸುವಾಗ ಕೇಳುವಷ್ಟೇ ಮೆತ್ತಗೆ ಕೇಳಿದ. “ಹೊಂಟ್ರೇನು ಮೇಡಂ? ಯಾವ ಕಡೆ?” ಸುಗಲಾ ಇರುವ ಊರಿನ ಬಸ್ಸು ಯಾವ ದಿಕ್ಕಿಗೆ ಹೋಗುತ್ತದೆ ಎಂಬುದನ್ನೂ ಇಲ್ಲಿ ಬರೆಯುವುದಿಲ್ಲ. ಕೇಂದ್ರ ಮುಚ್ಚಿದ ಮೇಲೆ ನನಗೆ ಸಿಕ್ಕಿದ್ದ ಹೊಸ ಕೆಲಸಕ್ಕೆ ಸೇರುವ ಮೊದಲು ಒಮ್ಮೆ ಅವಳನ್ನು ನೋಡಿ ಹೋಗಬೇಕೆಂದು ನಾನು ಯಾರಿಗೂ ಹೇಳದೆ ಅಂದುಕೊಂಡಿದ್ದೆ. ಉತ್ತರ ಕೊಡುವ ಮೊದಲು ಅವನ ಮುಖ ನೋಡಿದೆ. ಅವನಿಗೆ ನನ್ನ ಉತ್ತರ ಬೇಕಿರಲಿಲ್ಲ. ಅವನು ನನ್ನ ಕಾಲುಗಳನ್ನು ನೋಡುತ್ತಿದ್ದ. ಚೀಲವನ್ನು ಇನ್ನೊಂದು ಕೈಗೆ ಬದಲಿಸಿಕೊಂಡು ನಾನು ಆ ಬಸ್ಸಿನ ದಿಕ್ಕಿಗೆ ಬೆನ್ನು ಮಾಡಿ ನಡೆದೆ. ಅವಳನ್ನು ಇದುವರೆಗೆ ನೋಡಲು ಹೋಗಿಲ್ಲ.